ಹೈಜಂಪ್ ಅಕ್ಕನದು, ಭಾಷಣ ನನ್ನದು

ಡೈರಿ ಬರೆಯುವವನು ಸುಳ್ಳು ಹೇಳುವುದಿಲ್ಲ ಎಂಬುದು ಡೈರಿ ಬರೆಯದವರ ನಂಬಿಕೆ. ನಾನು ಹೈಸ್ಕೂಲಿನಿಂದಲೂ ಬರೆಯುತ್ತಿದ್ದೇನೆ. ಹೀಗಾಗಿ ಮನೆಯಲ್ಲಿ ಯಾರ ಮದುವೆ ಯಾವ ವರ್ಷ, ಯಾರು ಯಾರ ಜೊತೆ ಮಾತು ಬಿಟ್ಟರು ಎಂಬುದಕ್ಕೆಲ್ಲ ನನ್ನ ಮಾತೇ ಕೊನೆ. ಯಾವುದನ್ನು ಬರೆಯದೆ ಬಿಟ್ಟೆ ಎಂದು ಇದುವರೆಗೆ ಯಾರೂ ಕೇಳಿರಲಿಲ್ಲ. ನಾನೂ ಕೇಳಿಕೊಂಡಿರಲಿಲ್ಲ.

ನನ್ನ ಅಕ್ಕ ಜಯಮ್ಮನಿಗೆ ಈಗ ಎಪ್ಪತ್ತೆರಡು. ಬಿನ್ನಿಪೇಟೆಯ ನಮ್ಮ ಬೀದಿಯಲ್ಲಿ ಹೆಣ್ಣುಮಕ್ಕಳು ಬಸ್ಸು ತಪ್ಪಿದಾಗ ಮಾತ್ರ ಓಡುತ್ತಿದ್ದ ಕಾಲದಲ್ಲಿ ಅವಳು ಹೈಜಂಪ್ ಹಾರುತ್ತಿದ್ದಳು, ಜಿಮ್ನಾಸ್ಟಿಕ್ಸೂ ಮಾಡುತ್ತಿದ್ದಳು. ಎರಡು ಬಿದಿರುಗಳ ನಡುವೆ ಅಮ್ಮನ ಲಂಗದ ಲಾಡಿ ಕಟ್ಟಿ, ಅಪ್ಪ ಮಿಲ್ಲಿನಿಂದ ತಂದ ಹತ್ತಿ ವೇಸ್ಟಿನ ಮೂಟೆಗಳ ಮೇಲೆ ಬೀಳುತ್ತಿದ್ದಳು. ಜಿಮ್ನಾಸ್ಟಿಕ್ಸಿನ ಮರದ ತೊಲೆಯ ಮೇಲೆ ನಡೆಯುವ ಅಭ್ಯಾಸಕ್ಕೆ ತೊಲೆ ಇರಲಿಲ್ಲ, ಕಾಂಪೌಂಡ್ ಗೋಡೆ ಇತ್ತು. “ಗೋಡೆ ಮೇಲೆ ನಡೆಯೋಕೆ ನೀನೇನು ಬೆಕ್ಕಾ? ಇಳಿಯೇ!” ಎಂದು ಅಮ್ಮ ಕೂಗುತ್ತಿದ್ದರು. ಲಾಡಿಯನ್ನು ಏರಿಸಿ ಇಳಿಸುವ ಕೆಲಸ ನನ್ನದು. ನಮ್ಮ ವಂಶದ ಕ್ರೀಡಾ ಸಾಧನೆಯಲ್ಲಿ ನನ್ನ ಪಾಲು ಅಷ್ಟೇ ಎಂದುಕೊಂಡಿದ್ದೆ.

ಒಂದು ವರ್ಷ ಎರಡೂ ಆಟಗಳ ರಾಜ್ಯ ತಂಡದ ಆಯ್ಕೆ ಒಂದೇ ವಾರದಲ್ಲಿ ಬಂತು. ಹೈಜಂಪ್ ಬಳ್ಳಾರಿಯಲ್ಲಿ, ಜಿಮ್ನಾಸ್ಟಿಕ್ಸ್ ಮೈಸೂರಿನಲ್ಲಿ. ಫಾರಂನಲ್ಲಿ ಆಟದ ಹೆಸರಿಗೆ ಇದ್ದದ್ದು ಒಂದೇ ಕಾಲಂ. ಅಕ್ಕ ಮೈಸೂರಿಗೆ ಹೋದಳು, ತೊಲೆಯಿಂದ ಜಾರಿ ಬಿದ್ದಳು, ಆಯ್ಕೆಯಾಗಲಿಲ್ಲ. ಮುಂದಿನ ವರ್ಷ ಮದುವೆ. ಆಮೇಲೆ ಮೂವತ್ತು ವರ್ಷ ಡ್ರಿಲ್ ಟೀಚರ್. ಅಕ್ಕನ ಕೈಲಿ ಗೆಲ್ಲುವಂತಿದ್ದದ್ದು ಹೈಜಂಪ್, ಅದನ್ನು ಬಿಡಿಸಿ ಜಿಮ್ನಾಸ್ಟಿಕ್ಸ್ ಎಂದು ಬರೆದವನು ಒಬ್ಬ ಅಧಿಕಾರಿ ಎಂಬ ಕಥೆಯನ್ನು ನಾನು ಮದುವೆ ಮುಂಜಿಗಳಲ್ಲೆಲ್ಲ ಹೇಳಿದ್ದೇನೆ. ವರ್ಷ ಕಳೆದಂತೆ ಆ ಅಧಿಕಾರಿಗೆ ಮೀಸೆ ಬಂತು. ಆಮೇಲೆ ಬಾಯಲ್ಲಿ ಎಲೆಯಡಿಕೆ ಬಂತು. ನನಗೆ ನಿವೃತ್ತಿಯಾಗುವ ಹೊತ್ತಿಗೆ ಅವನು ಅಕ್ಕನನ್ನು ಗದರಿಸುತ್ತಲೂ ಇದ್ದ.

ಮೊನ್ನೆ ವಿಜಯನಗರದ ಒಂದು ಸಂಘದವರು ಹಳೆಯ ಕ್ರೀಡಾಪಟುಗಳಿಗೆ ಸನ್ಮಾನ ಇಟ್ಟುಕೊಂಡರು. ಅದರ ಕಾರ್ಯದರ್ಶಿ ಹುಡುಗ ನನಗೆ ಫೋನ್ ಮಾಡಿ, “ಸಾರ್, ಆಂಟಿ ಬಗ್ಗೆ ನೀವೇ ಒಂದು ಹತ್ತು ನಿಮಿಷ ಮಾತಾಡ್ಬಿಡಿ. ಸ್ವಲ್ಪ ಎಮೋಷನಲ್ಲಾಗಿರ್ಲಿ” ಎಂದ. ಭಾಷಣ ಬರೆದುಕೊಂಡು ಆರ್‌ಪಿಸಿ ಲೇಔಟಿನ ಅಕ್ಕನ ಮನೆಗೆ ಹೋಗಿ ಓದಿದೆ. ಅವಳು ಮಂಡಿಗೆ ಎಣ್ಣೆ ತಿಕ್ಕಿಕೊಳ್ಳುತ್ತಿದ್ದಳು. ಭಾಷಣದಲ್ಲಿ ಅಧಿಕಾರಿ ಬಂದ ಕೂಡಲೇ ಕೈ ನಿಲ್ಲಿಸಿದಳು.

“ಯಾವ ಅಧಿಕಾರಿ ಕಣೋ ಸೀನಾ?”

“ಅದೇ ಅಕ್ಕಾ, ಫಾರಂ ತುಂಬ್ದೋನು.”

“ಫಾರಂ ತುಂಬ್ದೋನು ನೀನು. ಮನೇಲಿ ಇಂಗ್ಲಿಷ್ ಬರ್ತಿದ್ದಿದ್ದು ನಿಂಗೊಬ್ಬನಿಗೇ. ನಾನು ಹೈಜಂಪ್ ಅಂದೆ. ಜೊತೆಗೆ ಬರೋನು ನೀನೇ ತಾನೆ? ಬಳ್ಳಾರಿ ಬಿಸಿಲು ಯಾರಿಗೆ ಬೇಕು, ಮೈಸೂರಲ್ಲಿ ದಸರಾ ಎಕ್ಸಿಬಿಷನ್ ಇದೆ ಅಂದ್ಕೊಂಡು ಜಿಮ್ನಾಸ್ಟಿಕ್ಸ್ ಅಂತ ಬರ್ದೆ.”

“ಮತ್ತೆ ಇಷ್ಟು ವರ್ಷ ಯಾಕೆ ಸುಮ್ನಿದ್ದೆ?”

“ಮೊದಲ್ನೇ ಸಲ ನೀನು ಸುಳ್ಳು ಹೇಳ್ದಾಗ ಅಪ್ಪ ಇದ್ರು. ನಿನ್ ಚರ್ಮ ಸುಲೀತಾರೆ ಅಂತ ಸುಮ್ನಾದೆ. ಆಮೇಲೆ ನೋಡಿದ್ರೆ ನೀನೇ ಅದನ್ನ ನಂಬ್ಬಿಟ್ಟಿದೀಯ.” ಮತ್ತೆ ಎಣ್ಣೆ ತಿಕ್ಕತೊಡಗಿದಳು. “ಜಯಮ್ಮ ಅಂದ್ರೆ ಮೈಸೂರಲ್ಲಿ ಬಿದ್ದೋಳು ಅಂತ ಎಲ್ಲರಿಗೂ ಗೊತ್ತು. ನನ್ನನ್ನ ಹಾರಕ್ಕೆ ಬಿಟ್ಟೇ ಇರ್ಲಿಲ್ಲ, ಬಿಡದೇ ಇದ್ದೋನು ನನ್ ತಮ್ಮಾನೇ ಅಂತ ಒಂದ್ಸಲ, ಜನರ ಮುಂದೆ, ನಿನ್ ಬಾಯಲ್ಲೇ ಹೇಳು. ಶಾಲು ಗೀಲು ಬೇಡ ನಂಗೆ. ಅದಿಷ್ಟು ಸಾಕು.”

ಅವಳಿಗೆ ವಯಸ್ಸಾಯಿತು, ಮರೆವು ಎಂದುಕೊಳ್ಳುತ್ತ ಬಸವೇಶ್ವರನಗರದ ನಮ್ಮ ಮನೆಗೆ ಬಂದೆ. ಅಟ್ಟದಿಂದ ಆ ವರ್ಷದ ಡೈರಿ ಇಳಿಸಿದೆ. ಮೈಸೂರಿನ ಆ ದಿನ ಸಿಕ್ಕಿತು. ಎಕ್ಸಿಬಿಷನ್ ನೋಡಿದೆ, ಜಯಂಟ್ ವೀಲ್ ಎರಡು ಸಲ ಹತ್ತಿದೆ, ಮಸಾಲೆ ದೋಸೆ ಬಹಳ ಚೆನ್ನಾಗಿತ್ತು, ಬೆಣ್ಣೆ ಜಾಸ್ತಿ. ಪುಟದ ತಳದಲ್ಲಿ ಎರಡೇ ಪದ: ಅಕ್ಕ ಬಿದ್ದಳು. ಮೀಸೆಯ ಅಧಿಕಾರಿಗಾಗಿ ಹಿಂದಿನ ತಿಂಗಳೆಲ್ಲ ತಿರುವಿದೆ. ಅವನ ಸುಳಿವಿಲ್ಲ. ‘ಫಾರಂ ತುಂಬಿ ಕೊಟ್ಟೆ’ ಎಂಬುದು ಮಾತ್ರ ನನ್ನದೇ ಮುದ್ದಾದ ಅಕ್ಷರದಲ್ಲಿತ್ತು.

ಸನ್ಮಾನದ ದಿನ ಅಕ್ಕ ಮುಂದಿನ ಸಾಲಿನಲ್ಲಿ ಕೈ ಕಟ್ಟಿಕೊಂಡು ಕೂತಿದ್ದಳು. ನಾನು ನಿಜ ಹೇಳಲೆಂದೇ ಮೈಕ್ ಹಿಡಿದೆ. ಬಿದಿರು, ಲಾಡಿ, ಹತ್ತಿ ಮೂಟೆ ಎಲ್ಲ ಬಂತು, ಜನ ನಕ್ಕರು. ಫಾರಂ ಹತ್ತಿರ ಬಂದಾಗ ಸಭೆ ಗಪ್ಪಾಯಿತು. ಅಷ್ಟು ಒಳ್ಳೆಯ ನಿಶ್ಶಬ್ದ ಮೂವತ್ತೈದು ವರ್ಷದ ಮೇಷ್ಟ್ರುಗಿರಿಯಲ್ಲಿ ನನಗೆ ಒಮ್ಮೆಯೂ ಸಿಕ್ಕಿರಲಿಲ್ಲ. “ಆಗ ಒಬ್ಬ ಅಧಿಕಾರಿ…” ಎಂದು ನಾಲಿಗೆ ತಾನೇ ಹೊರಟಿತು. ಒಬ್ಬ ಹೆಂಗಸು ಕಣ್ಣೊರೆಸಿಕೊಂಡರು. ಕಾರ್ಯದರ್ಶಿ ಹೆಬ್ಬೆಟ್ಟು ಎತ್ತಿ ತೋರಿಸಿದ. ನಾನು ಅಕ್ಕನ ಕುರ್ಚಿ ಒಂದನ್ನು ಬಿಟ್ಟು ಉಳಿದೆಲ್ಲ ಕುರ್ಚಿಗಳ ಕಡೆ ನೋಡಿದೆ.

ವಾಪಸಾಗುವಾಗ ಇಬ್ಬರೂ ಒಂದೇ ಆಟೋ ಹತ್ತಿದೆವು. ಸಿಗ್ನಲ್ಲಿನಲ್ಲಿ ನಿಂತಾಗ ಅಕ್ಕ ಸನ್ಮಾನದ ಶಾಲನ್ನು ನನ್ನ ತೊಡೆಯ ಮೇಲೆ ಇಟ್ಟಳು.

“ಮುಂದಿನ ತಿಂಗಳು ನಂದಿನಿ ಲೇಔಟಲ್ಲೂ ಸನ್ಮಾನ ಮಾಡ್ತಾರಂತೆ. ನಾನು ಬರಲ್ಲ. ನೀನೊಬ್ನೇ ಹೋಗ್ಬಾ. ನಾನಿಲ್ದೇ ಇದ್ರೂ ನಿನ್ ಭಾಷಣ ನಡಿಯತ್ತೆ.”

ತಪ್ಪಾಯಿತು ಎನ್ನಲು ಬೇಕಾದಷ್ಟು ಸಮಯವಿತ್ತು. ಆ ಸಿಗ್ನಲ್ ಬೇಗ ಬಿಡುವುದೂ ಇಲ್ಲ. ನಾನು ಗಂಟಲು ಸರಿಮಾಡಿಕೊಂಡು ಕೇಳಿದೆ:

“ಯಾವತ್ತಂತೆ ಅಕ್ಕಾ?”