ಸ್ವಿಚ್ಚುಗಳ ಹಾಜರಿ ಪುಸ್ತಕ

ಮೇಷ್ಟ್ರು ಗುಂಡಿ ಒತ್ತಿದರು. ಕಂಪ್ಯೂಟರು ಕಮಕ್ ಕಿಮಕ್ ಎನ್ನಲಿಲ್ಲ. ಮತ್ತೊಮ್ಮೆ ಒತ್ತಿದರು. ಪ್ರಶ್ನೆ ಕೇಳಿದ ಕೂಡಲೇ ತಲೆ ತಗ್ಗಿಸುವ ಕೊನೆಯ ಬೆಂಚಿನ ಹುಡುಗನ ಹಾಗೆ ಅದು ತೆಪ್ಪಗೆ ಕುಳಿತಿತ್ತು.

"ಇವತ್ತೇ ಇದಕ್ಕೆ ಮೌನವ್ರತ ಬೇಕಿತ್ತೇ?" ಎಂದು ಮೇಷ್ಟ್ರು ಗಡಿಯಾರ ನೋಡಿದರು. ಹತ್ತು ಗಂಟೆ. ಹನ್ನೆರಡರೊಳಗೆ ಲೇಖನ ಹೋಗಬೇಕು.

ಅವರು ಪಾಠ ಹೇಳಿದ ಶಾಲೆಯ ಹಿಂದಿನ ಹೆಡ್‌ಮೇಡಂ ಅವರಿಗೆ ಎಂಬತ್ತು ತುಂಬುತ್ತಿತ್ತು. ಹಳೆಯ ಶಿಕ್ಷಕರೆಲ್ಲ ಸೇರಿ ನೆನಪಿನ ಪುಸ್ತಕವೊಂದನ್ನು ತರುತ್ತಿದ್ದರು. ಅದಕ್ಕಾಗಿ ಮೇಷ್ಟ್ರು ಮೂರು ವಾರ ಒಂದೇ ಬೆರಳಿನಲ್ಲಿ ಕುಟ್ಟಿ ಕುಟ್ಟಿ ಒಂಬತ್ತು ಪುಟ ಬರೆದಿದ್ದರು. ಒಂಬತ್ತೂ ಈ ಪೆಟ್ಟಿಗೆಯ ಹೊಟ್ಟೆಯಲ್ಲೇ ಇದ್ದವು. ಬೇರೆ ಪ್ರತಿ ಇರಲಿಲ್ಲ. ತಡವಾಗಿ ಬಂದ ಬರಹವನ್ನು ಸೇರಿಸಕೂಡದೆಂದು ಮೇಡಂ ಅವರೇ ಅಪ್ಪಣೆ ಕೊಟ್ಟಿದ್ದರು. (ಅವರ ದನಿ ಕೇಳಿದರೆ ಮೇಷ್ಟ್ರು ಇಂದಿಗೂ ಎದ್ದು ನಿಲ್ಲುತ್ತಾರೆ, ಫೋನಿನಲ್ಲಿ ಕೇಳಿದರೂ.) ಇನ್ನು ಲೇಖನದ ತಲೆಬರಹವೋ, 'ಸಮಯಪಾಲನೆ ನನಗೆ ಕಲಿಸಿದವರು' ಎಂದು!

ಬೀನ್ಸ್ ಹೆಚ್ಚುತ್ತಿದ್ದ ಹೆಂಡತಿ ಚಾಕು ಹಿಡಿದೇ ಬಾಗಿಲಿಗೆ ಬಂದರು. "ರೀ, ನಿನ್ನೆ ಸಂಜೆ ನೀವು..."

"ಕೈ ಎತ್ತದೆ ಮಾತಾಡಬಾರದು. ಪಾಠ ಮುಗಿದ ಮೇಲೆ ಪ್ರಶ್ನೆ."

"ನನ್ನದು ಪ್ರಶ್ನೆ ಅಲ್ಲ ಕಣ್ರೀ, ಉತ್ತರ."

"ಉತ್ತರವೂ ಆಮೇಲೇ."

ಅವರು ನಿಟ್ಟುಸಿರು ಬಿಟ್ಟು ಬೀನ್ಸಿಗೆ ಮರಳಿದರು. ಅದಾದರೂ ಹೇಳಿದ ಮಾತು ಕೇಳುತ್ತದೆ.

ಮೇಷ್ಟ್ರು ವಿಜ್ಞಾನದವರು. ಬರೆದಿಡದೆ ಯಾವ ಪ್ರಯೋಗವನ್ನೂ ಮಾಡಿದವರಲ್ಲ. ಕೈಗೆ ಹತ್ತಿರವಿದ್ದುದು ಅವರ ಸ್ವಿಚ್ಚುಗಳ ಹಾಜರಿ ಪುಸ್ತಕ. ಶಾಲೆಯಲ್ಲಿ ಕೊನೆಯ ಗಂಟೆ ಹೊಡೆದ ಮೇಲೆ ಕೊಠಡಿ ಕೊಠಡಿ ಸುತ್ತಿ, ದೀಪ, ಫ್ಯಾನು ಆರಿಸಿ, ಪುಸ್ತಕದಲ್ಲಿ ಬರೆದು ಸಹಿ ಹಾಕುವುದು ಮೂವತ್ತೆಂಟು ವರ್ಷ ಅವರ ಪಾಲಿನ ಕೆಲಸವಾಗಿತ್ತು. ನಿವೃತ್ತಿಯ ದಿನ ಶಾಲೆಯನ್ನು ಬಿಟ್ಟರು, ಸುತ್ತುವುದನ್ನು ಬಿಡಲಿಲ್ಲ. ಮನೆಯಲ್ಲೂ ದಿನಾ ಸಂಜೆ ಒಂದು ಸುತ್ತು, ಒಂದು ಸಹಿ. (ಬಂದಿದ್ದ ಭಾವಮೈದ ಒಮ್ಮೆ ತಲೆಗೆ ಸೋಪು ಹಚ್ಚಿಕೊಂಡು ಕತ್ತಲಲ್ಲಿ ಚೊಂಬು ಹುಡುಕಿದ್ದುಂಟು.) ಆ ಪುಸ್ತಕದಲ್ಲೇ ಹೊಸ ಪುಟ ತಿರುಗಿಸಿ ಬರೆದರು: 'ಪರೀಕ್ಷೆ ಒಂದು. ಅದೇ ಪ್ಲಗ್ಗಿಗೆ ಮೇಜಿನ ದೀಪ ಹಾಕಲಾಯಿತು. ಉರಿಯಿತು. ಗೋಡೆ ನಿರಪರಾಧಿ.'

ಬಳಿಕ ರಿಪೇರಿ ಅಂಗಡಿಗೆ ಫೋನು ಮಾಡಿದರು.

"ಸಾರ್, ಮೊದಲು ಹಿಂದುಗಡೆ ಸ್ವಿಚ್ಚು ಆನ್ ಇದೆಯಾ ನೋಡಿ..."

"ಸ್ವಿಚ್ಚೇ? ಮೂವತ್ತೆಂಟು ವರ್ಷ ವಿದ್ಯುತ್ತಿನ ಪಾಠ ಮಾಡಿದವನನ್ನ ಸ್ವಿಚ್ಚು ಹಾಕಿದೀರಾ ಅಂತ ಕೇಳ್ತೀಯಲ್ಲಪ್ಪ!" ಎಂದು ಫೋನು ಕುಕ್ಕಿದರು.

ಇನ್ನು ಶಸ್ತ್ರಚಿಕಿತ್ಸೆಯೇ ಗತಿ. ತಂತಿ ಕಿತ್ತು, ಪೆಟ್ಟಿಗೆಯನ್ನು ಹೊರಗೆಳೆದು, ಸ್ಕ್ರೂಗಳನ್ನು ಬಿಚ್ಚಿ ಬಟ್ಟಲಿನಲ್ಲಿ ಹಾಕಿದರು. ಒಳಗಿನ ಧೂಳಿಗೆ ತಿದಿಯಂತೆ ಊದಿದರು. ಧೂಳು ಅಷ್ಟೇ ವಿಧೇಯತೆಯಿಂದ ಅವರ ಮೀಸೆಗೆ ಬಂದು ಕೂತಿತು. ಒಳಗಿದ್ದ ಮೆಮೊರಿ ಪಟ್ಟಿಯ ಅಂಚನ್ನು ರಬ್ಬರಿನಿಂದ ಉಜ್ಜಬೇಕೆಂದು ಯಾರೋ ಹೇಳಿದ್ದು ನೆನಪಾಯಿತು. ರಬ್ಬರಿನಿಂದ ಸರಿಹೋಗದ ತಪ್ಪು ಲೋಕದಲ್ಲಿ ಯಾವುದಿದೆ? ಒಂದು ತರಗತಿಯ ತಪ್ಪುಗಳನ್ನೆಲ್ಲ ಅಳಿಸುವಷ್ಟು ಉಜ್ಜಿದರು.

ಎಲ್ಲವನ್ನೂ ಜೋಡಿಸಿ ಗುಂಡಿ ಒತ್ತಿದಾಗ ಹನ್ನೊಂದೂವರೆ. ಕಂಪ್ಯೂಟರು ಮೊದಲಿನಷ್ಟೇ ಗಂಭೀರವಾಗಿತ್ತು. ಬಟ್ಟಲಿನಲ್ಲಿ ಮೂರು ಸ್ಕ್ರೂ ಮಿಕ್ಕಿದ್ದವು.

ಮೇಷ್ಟ್ರು ಕುರ್ಚಿಯಲ್ಲಿ ಕುಸಿದರು. "ಹೋಯ್ತು ಕಣೇ. ಒಂಬತ್ತು ಪುಟ. ನನ್ನದೊಂದೇ ಇಲ್ಲದ ಪುಸ್ತಕಾನ ಮೇಡಂ ಕೈಯಲ್ಲಿ ಹಿಡೀತಾರೆ. ಒಂದು ದಿನಾನೂ ತಡ ಮಾಡಿದವನಲ್ಲ ನಾನು."

ಆ ದನಿಗೆ ಹೆಂಡತಿಯ ಮನಸ್ಸು ಕರಗಿತು. ಆದರೂ ನಿಯಮ ನಿಯಮವೇ. ಬಾಗಿಲಲ್ಲಿ ನಿಂತು ಬಲಗೈಯನ್ನು ನೆಟ್ಟಗೆ ಮೇಲೆತ್ತಿದರು, ಚಾಕು ಸಮೇತ.

"ಏನದು?"

"ಸಾರ್, ಈಗ ಮಾತಾಡಬಹುದಾ ಸಾರ್?"

"ಹೇಳೇ ಮಾರಾಯ್ತಿ!"

"ಹಾಜರಿ ಪುಸ್ತಕದ ಹಿಂದಿನ ಪುಟ ಗಟ್ಟಿಯಾಗಿ ಓದಿ."

ಮೇಷ್ಟ್ರು ಪುಟ ತಿರುಗಿಸಿ, ತಮ್ಮದೇ ಮುತ್ತಿನಂಥ ಅಕ್ಷರವನ್ನು ಓದತೊಡಗಿದರು. "'ಅಡುಗೆಮನೆ, ಆರಿಸಲಾಗಿದೆ. ನಡುಮನೆ, ಆರಿಸಲಾಗಿದೆ. ಮೇಜಿನ ಕೆಳಗೆ ಪೆನ್ನಿನ ಮುಚ್ಚಳ ಹುಡುಕುವಾಗ ಕಂಪ್ಯೂಟರಿನ ಬೆನ್ನ ಮೇಲೆ ಪುಟ್ಟದೊಂದು ಸ್ವಿಚ್ಚು ಪತ್ತೆ. ಇಷ್ಟು ವರ್ಷ ಯಾರೂ ಗಮನಿಸದೆ...'"

ದನಿ ಸಣ್ಣಗಾಯಿತು.

"ಗಟ್ಟಿಯಾಗಿ ಸಾರ್, ಹಿಂದಿನ ಬೆಂಚಿಗೆ ಕೇಳಿಸ್ತಿಲ್ಲ."

"'...ಗಮನಿಸದೆ ಹಾಗೇ ಬಿಟ್ಟದ್ದು. ಆರಿಸಲಾಗಿದೆ.'"

"ಸಹಿ ಯಾರದು?"

ಮೇಷ್ಟ್ರು ಮೇಜಿನ ಕೆಳಗೆ ನುಗ್ಗಿ, ಬೆನ್ನ ಮೇಲಿನ ಸ್ವಿಚ್ಚನ್ನು ಒತ್ತಿ, ಹೊರಬರುವ ಅವಸರದಲ್ಲಿ ತಲೆ ಕುಟ್ಟಿಸಿಕೊಂಡರು. ಗುಂಡಿ ಮುಟ್ಟಿದ್ದೇ ತಡ, ಕಂಪ್ಯೂಟರು ಗುಂಯ್ ಎಂದು ಎಚ್ಚೆತ್ತಿತು. ಒಂಬತ್ತೂ ಪುಟ ಮಿಸುಕದೆ ಕುಳಿತಿದ್ದವು.

ಲೇಖನ ಹೊರಟಾಗ ಹನ್ನೆರಡಕ್ಕೆ ಎಂಟು ನಿಮಿಷವಿತ್ತು. ಹನ್ನೆರಡು ಹೊಡೆಯುವಾಗ ಫೋನು ಬಂತು. ಮೇಷ್ಟ್ರು ಎದ್ದು ನಿಂತರು.

"ತಲುಪಿತು," ಎಂದಿತು ಹಳೆಯ ದನಿ. "ಚೆನ್ನಾಗಿದೆ. ಆದ್ರೆ ಸಮಯಪಾಲನೆ ಬಗ್ಗೆ ಬರೆಯೋಕೆ ಕೊನೇ ಎಂಟು ನಿಮಿಷದವರೆಗೆ ಕಾಯಬೇಕಿತ್ತಾ?"

"ಇಲ್ಲ ಮೇಡಂ. ಇನ್ನೊಮ್ಮೆ ಹಾಗಾಗಲ್ಲ ಮೇಡಂ."

ಹೆಂಡತಿ ನಗು ತಡೆಯಲಾರದೆ ಸೆರಗನ್ನು ಬಾಯಿಗೆ ಒತ್ತಿಕೊಂಡರು. ಬಳಿಕ ಪುಸ್ತಕ ಎಳೆದುಕೊಂಡು ಒಂದು ಸಾಲು ಬರೆದು, ಮೇಷ್ಟ್ರ ಮುಂದೆ ಇಟ್ಟು, ಪೆನ್ನನ್ನು ಕೈಗೆ ಕೊಟ್ಟರು: 'ಇಂದು ಹನ್ನೊಂದೂವರೆಗೆ ಮೇಷ್ಟ್ರ ಪಾಠ, ಆರಿಸಲಾಗಿದೆ.'

ಮೇಷ್ಟ್ರು ಎರಡು ಸಲ ಓದಿದರು. ತಿದ್ದಲು ಒಂದು ಕಾಗುಣಿತದ ತಪ್ಪಾದರೂ ಸಿಕ್ಕೀತೇ ಎಂದು ಹುಡುಕಿದರು. ಸಿಗಲಿಲ್ಲ.

ಸಹಿ ಹಾಕಿದರು.