ಇಲ್ಲದ ರೈಲಿಗೆ ಇಳಿದು ನೋಡಿದ್ದು

ಕಂಡಕ್ಟರ್ ಕೆಲಸದಲ್ಲಿ ನಗೆ ಬರಿಸುವ ಸಂಗತಿಗಳಿಗೆ ಕೊರತೆ ಇಲ್ಲ. ದಿನಕ್ಕೆ ಎರಡಾದರೂ ನಡೆಯುತ್ತವೆ. ನಗಲು ತ್ರಾಣ ಉಳಿದಿರುವುದಿಲ್ಲ, ಅದೊಂದೇ ತೊಂದರೆ. ನಾನು ರಾಯಚೂರಿನಿಂದ ಕಲ್ಲೂರು, ಮಾನ್ವಿ ಮೇಲೆ ದೇವದುರ್ಗಕ್ಕೆ ಹೋಗುವ ಬಸ್ಸಿನ ಕಂಡಕ್ಟರ್. ನನ್ನ ನಿವೃತ್ತಿಗೆ ಇನ್ನೂ ಎಂಟು ತಿಂಗಳಿವೆ, ಬಲ ಮೊಣಕಾಲು ಮಾತ್ರ ಮುಂಚಿತವಾಗಿಯೇ ನಿವೃತ್ತಿ ತೆಗೆದುಕೊಂಡಿದೆ. ಅದು ಕೆಟ್ಟದ್ದು ಒಂದು ರೈಲಿನಿಂದ. ರೈಲು ಬಡಿದು ಅಲ್ಲ, ರೈಲು ಬರುತ್ತದೆಯೇ ಎಂದು ಇಳಿದು ನೋಡಿ ನೋಡಿ.

೧. ಮೊದಲ ದಿನ

ಕಲ್ಲೂರು ದಾಟಿದ ಮೇಲೆ ಒಂದು ಕಡೆ ರಸ್ತೆಗೆ ಅಡ್ಡವಾಗಿ ಎರಡು ಕಬ್ಬಿಣದ ಹಳಿಗಳು ಡಾಂಬರಿನಲ್ಲಿ ಹೂತಿವೆ. ಹಿಂದೆ ಯಾವಾಗಲೋ ಅಲ್ಲಿ ಸಣ್ಣ ರೈಲು ಓಡುತ್ತಿತ್ತಂತೆ. ಅದು ನಿಂತ ಮೇಲೆ ಹಳಿಗಳನ್ನು ಗುಜರಿಗೆ ಹರಾಜು ಹಾಕಿದರು. ಹಿಡಿದ ಗುತ್ತಿಗೆದಾರ ಎಡಕ್ಕೂ ಬಲಕ್ಕೂ ಎಲ್ಲ ಕಿತ್ತುಕೊಂಡು ಹೋದ. ರಸ್ತೆಯೊಳಗಿನ ತುಂಡು ಮಾತ್ರ ಬಿಟ್ಟ, ಯಾಕೆಂದರೆ ರಸ್ತೆ ಬೇರೆ ಇಲಾಖೆಯದು. ಈಗ ಎಡಕ್ಕೆ ಹತ್ತಿ ಹೊಲ, ಬಲಕ್ಕೆ ಜಾಲಿ ಗಿಡ. ಊರವರು ಅದನ್ನು ರೈಲ್ವೆ ಗೇಟ್ ಎನ್ನುತ್ತಾರೆ. ಗೇಟ್ ಕೂಡ ಎಂದೂ ಇರಲಿಲ್ಲ.

ಗೇಟಿಲ್ಲದ ಹಳಿ ಬಂದರೆ ಬಸ್ ನಿಲ್ಲಿಸಬೇಕು, ಕಂಡಕ್ಟರ್ ಇಳಿದು ಎರಡೂ ಕಡೆ ನೋಡಿ ಸೀಟಿ ಊದಬೇಕು, ಆಮೇಲೆ ಬಸ್ ದಾಟಬೇಕು. ಇದು ನಿಯಮ. ನಾನು ಕೆಲಸಕ್ಕೆ ಸೇರಿದ ಮೊದಲ ದಿನ ಡ್ರೈವರ್ ಅಲ್ಲಿ ಬಸ್ ನಿಲ್ಲಿಸಿ ನನ್ನ ಮುಖ ನೋಡಿದರು.

"ಇಳಿ ತಮ್ಮಾ, ನೋಡು."

"ಏನ್ ನೋಡ್ಲಿರಿ?"

"ರೈಲು."

ಇಳಿದೆ. ಹತ್ತಿ ಹೊಲದಲ್ಲಿ ಇಬ್ಬರು ಹೆಣ್ಣುಮಕ್ಕಳು ಕಳೆ ತೆಗೆಯುತ್ತಿದ್ದರು. ಆ ಕಡೆ ಒಂದು ಎಮ್ಮೆ ನಿಂತಿತ್ತು. ವಾಪಸು ಬಂದು, "ಅಣ್ಣಾ, ಎರಡೂ ಕಡಿ ಹಳಿನೇ ಇಲ್ಲಲ್ರಿ?" ಎಂದೆ.

ಅವರು ಗೇರ್ ಹಾಕುತ್ತ ಹೇಳಿದರು: "ರೈಲು ಬರಂಗಿಲ್ಲಂತ ನನಗ ಗೊತ್ತದ, ನಿನಗ ಗೊತ್ತದ, ಆ ಎಮ್ಮಿಗೂ ಗೊತ್ತದ. ಮೆಮೋ ಕೊಡಾವ್ರಿಗೆ ಗೊತ್ತಿಲ್ಲ."

೨. ಇತಿಹಾಸ

ಯರಗೇರಾ ಕಡೆ ಎಂ.ಎ. ಓದುವ ಒಬ್ಬ ಹುಡುಗಿ ಈ ಹಳಿಯ ಇತಿಹಾಸ ಬರೆಯಲು ಹೊರಟಳು. ಪುಸ್ತಕಗಳಲ್ಲಿ ಏನೂ ಸಿಗಲಿಲ್ಲವಂತೆ, ಅದಕ್ಕೆ ನನ್ನ ಬಸ್ ಹತ್ತಿದಳು. ಅವಳು ಬಾಯಿ ತೆರೆದದ್ದೇ ತಡ, ಇಡೀ ಬಸ್ಸಿಗೆ ಇತಿಹಾಸ ಗೊತ್ತು ಎಂದು ತಿಳಿಯಿತು.

ಕಲ್ಲೂರಿನ ಹಿರಿಯರೊಬ್ಬರು, "ನಿಜಾಮನ ಕಾಲಕ್ಕ ಹತ್ತಿ ಮೂಟಿ ಒಯ್ಯಾಕ ಹಾಕಿದ್ದು, ನಮ್ಮ ಮುತ್ಯಾ ಹೇರ್ಯಾನ" ಎಂದರು. ಮಾನ್ವಿಯ ಇನ್ನೊಬ್ಬರು ಎದ್ದು ನಿಂತು, "ಹತ್ತಿಗಲ್ರೀ, ಕಲ್ಲಿಗೆ. ನಮ್ಮ ಮುತ್ಯಾ ಕಲ್ಲು ಹೊತ್ತಾನ" ಎಂದರು. ಅವರ ಮುತ್ಯಾ ಸುಳ್ಳೋ ಇವರ ಮುತ್ಯಾ ಸುಳ್ಳೋ ಎಂದು ಮಾನ್ವಿ ಬರುವವರೆಗೆ ಜಗಳ. ಸತ್ತು ಎಷ್ಟೋ ವರ್ಷವಾದ ಮುದುಕರನ್ನು ನಾನು ಬಿಡಿಸಬೇಕಾಯಿತು.

ಕೊನೆಗೆ ಹುಡುಗಿ ನನ್ನನ್ನೇ ಕೇಳಿದಳು. "ಅಂಕಲ್, ಕೊನೇ ರೈಲು ಯಾವಾಗ ಬಂತ್ರಿ?"

"ನಾ ಬಂದಾಗಿಂದ ನೋಡಾಕತ್ತೀನಿ ಯವ್ವಾ. ಇನ್ನೂ ಬಂದಿಲ್ಲ."

ಅದನ್ನೂ ಬರೆದುಕೊಂಡಳು. ನಾನು ಇಳಿದು ಸೀಟಿ ಊದುವಾಗ ಒಂದು ಫೋಟೋ ತೆಗೆದಳು. ಕೆಲವು ತಿಂಗಳ ನಂತರ ಬರೆದದ್ದನ್ನು ತಂದು ಪ್ರೀತಿಯಿಂದ ತೋರಿಸಿದಳು. ನನ್ನ ಫೋಟೋದ ಕೆಳಗೆ ಹೀಗೆ ಬರೆದಿತ್ತು: 'ಈ ಮಾರ್ಗದ ಕೊನೆಯ ರೈಲ್ವೆ ಸಿಬ್ಬಂದಿ.'

೩. ಮೆಮೋ

ಹೋದ ಬೇಸಿಗೆಯಲ್ಲಿ ಮೊಣಕಾಲು ಬಾತುಕೊಂಡಿತು. ಡಾಕ್ಟರು, "ಮೆಟ್ಟಿಲು ಕಡಿಮಿ ಮಾಡ್ರಿ" ಎಂದರು. ಬಸ್ಸಿನ ಕಂಡಕ್ಟರ್ ಮೆಟ್ಟಿಲು ಹೇಗೆ ಕಡಿಮೆ ಮಾಡುವುದು? ದಿನಕ್ಕೆ ನಾಲ್ಕು ಸಲ ಇಳಿದು ಹತ್ತುವ ಆ ಹಳಿಯನ್ನೇ ಬಿಡಬೇಕು. ಒಂದು ಮಧ್ಯಾಹ್ನ ಬಿಟ್ಟೆ. ಕೂತಲ್ಲಿಂದಲೇ ಸೀಟಿ ಊದಿದೆ. ಅದೇ ದಿನ ಜಾಲಿ ಗಿಡದ ಹಿಂದೆ ಚೆಕಿಂಗ್ ಜೀಪು ನಿಂತಿತ್ತು.

ಸಾಹೇಬರು ಬಸ್ ಹತ್ತಿದರು. "ಯಾಕ ಇಳೀಲಿಲ್ಲ?"

"ಮೊಣಕಾಲು ನೋಯಾಕತ್ತದ್ರಿ."

"ರೈಲು ಬಂದಿದ್ರ?"

"ಎಲ್ಲಿಂದ ಬರ್ತದ್ರಿ ಸಾಹೇಬ್ರ, ಹತ್ತಿ ಹೊಲದಾಗಿಂದ?"

"ಎಲ್ಲಿಂದರ ಬರಲಿ. ಬಂದಿದ್ರ ಅಂತ ಕೇಳಾಕತ್ತೀನಿ."

ಮೆಮೋ ಕೈಗೆ ಬಂತು. ಇನ್ನೊಂದು ಬಂದರೆ ಸೇವಾ ಪುಸ್ತಕಕ್ಕೆ ಕೆಂಪು ಶಾಯಿ ಬೀಳುತ್ತದೆ ಎಂದರು. ಇಷ್ಟು ವರ್ಷ ಒಂದು ಕಲೆ ಇಲ್ಲದೆ ದುಡಿದವನು ನಾನು. ಮೆಮೋ ಮಡಚಿ ಟಿಕೆಟ್ ಚೀಲಕ್ಕೆ ಹಾಕಿಕೊಂಡೆ. ಕಿಟಕಿಯಿಂದ ನೋಡುತ್ತ ಕೂತೆ. ಅವರ ಜೀಪು ಹೊರಟಿತು, ಹಳಿಯ ಹತ್ತಿರ ನಿಂತಿತು. ಸಾಹೇಬರು ಇಳಿದು ಎಡಕ್ಕೊಮ್ಮೆ ಬಲಕ್ಕೊಮ್ಮೆ ನೋಡಿ, ಕೈ ಬೀಸಿ ಜೀಪು ದಾಟಿಸಿದರು.

೪. ಇಲ್ಲದ್ದಕ್ಕೆ ಫೈಲು

'ಅಲ್ಲಿ ರೈಲು ಮಾರ್ಗವೇ ಇಲ್ಲ' ಎಂದು ಮೆಮೋಗೆ ಉತ್ತರ ಬರೆದೆ. ಡಿಪೋ ಮ್ಯಾನೇಜರು ಒಳ್ಳೆಯವರು. "ರೈಲ್ವೇದವರ ಕಡೆಯಿಂದ ಇಲ್ಲಂತ ಒಂದು ಕಾಗದ ತರ್ರಿ, ನಾಳಿಂದಲೇ ಇಳಿಯೋದು ಬ್ಯಾಡ" ಎಂದರು. ಕುಂಟುತ್ತ ಆ ಕಚೇರಿಗೆ ಹೋದೆ. ಗುಮಾಸ್ತರು ದೊಡ್ಡ ನಕ್ಷೆ ಹರಡಿ ಬಹಳ ಹೊತ್ತು ಹುಡುಕಿದರು.

"ಇಂಥಾ ಲೈನ್ ನಮ್ಮಲ್ಲಿ ಇಲ್ಲೇ ಇಲ್ಲಲ್ರಿ."

ನನಗೆ ಖುಷಿಯೋ ಖುಷಿ. "ಅದನ್ನೇ ಬರದು ಕೊಡ್ರಿ."

"ಹೆಂಗ ಕೊಡ್ಲಿ? ಬರೀಬೇಕಂದ್ರ ಆ ಲೈನಿನ ಫೈಲ್ ಬೇಕು."

೫. ಅರ್ಜಿ

ಮಾನ್ವಿಯ ತಹಸೀಲ್ ಕಚೇರಿ ಎದುರು ಒಬ್ಬ ಚಾಚಾ ಅರ್ಜಿ ಬರೆದು ಕೊಡುತ್ತಾರೆ. ಪಿಂಚಣಿ, ರೇಷನ್ ಕಾರ್ಡು, ಬೋರ್‌ವೆಲ್ಲು, ಏನು ಬೇಕಾದರೂ ಅವರ ಕೈಬರಹದಲ್ಲಿ ಮಂಜೂರಾಗುತ್ತದೆ ಎಂದು ಹೆಸರು. ನನ್ನ ಸಂಕಟ ಹೇಳಿದೆ. ಅವರು ಪೆನ್ನು ಎತ್ತಿ ಯೋಚನೆಗೆ ಬಿದ್ದರು.

"ಕಂಡಕ್ಟರ್ ಸಾಬ್, ಅರ್ಜಿ ಅಂದ್ರ ಏನರ ಬೇಕು ಅನ್ನಬೇಕು. ಇಲ್ಲ ಅನ್ನೋ ಅರ್ಜಿ ಹುಟ್ಟಿದಾಗಿಂದ ನಾ ಬರದಿಲ್ಲ. ಇರ್ಲಿ, ನೋಡ್ತೀನಿ."

ಬರೆದರು. ಅಷ್ಟರಲ್ಲಿ ಡ್ರೈವರ್ ಹಾರ್ನ್ ಹೊಡೆದ. ಓದದೆ ಸಹಿ ಹಾಕಿ, ರೈಲ್ವೆ ಕಚೇರಿಗೆ ಕಳಿಸಿರೆಂದು ಹೇಳಿ ಓಡಿದೆ.

ತಿಂಗಳೊಪ್ಪತ್ತಿನಲ್ಲಿ ಡಿಪೋಗೆ ಉತ್ತರ ಬಂತು, ಲೈನೇ ಇಲ್ಲ ಎಂದಿದ್ದ ಅದೇ ಕಚೇರಿಯಿಂದ, ಸೀಲು ಸಹಿತ. ಮ್ಯಾನೇಜರು ಗಟ್ಟಿಯಾಗಿ ಓದಿದರು: 'ಸದರಿ ಮಾರ್ಗದಲ್ಲಿ ರೈಲು ಬಾರದೆ ಇರುವುದರಿಂದ ತಮಗೆ ತೀವ್ರ ತೊಂದರೆಯಾಗಿದೆ ಎಂಬ ಅರ್ಜಿ ತಲುಪಿದೆ. ರೈಲು ವಿಳಂಬವಾಗಿರುವುದಕ್ಕೆ ವಿಷಾದಿಸಲಾಗಿದೆ. ದಯಮಾಡಿ ಸಹಕರಿಸಿ.'

ಚಾಚಾ ಅಭ್ಯಾಸಬಲದಿಂದ ರೈಲನ್ನೇ ಬೇಡಿಬಿಟ್ಟಿದ್ದರು.

"ಲೇಟ್ ಅಂತ ಬರದಾರ" ಎಂದರು ಮ್ಯಾನೇಜರು. "ಅಂದ್ರ ಬರ್ತದ."

"ಸಾಹೇಬ್ರ, ಯಾವುದರ ಮ್ಯಾಲೆ ಬರ್ತದ್ರಿ?"

"ಅದು ಅವರ ಇಲಾಖೆ. ನಮ್ಮ ಕೈಯಾಗ ಕಾಗದ ಬಂದದ. ಟೈಮ್ ಬ್ಯಾರೆ ಹೇಳಿಲ್ಲ. ಇನ್ಮ್ಯಾಲೆ ಇಳದು ಐದು ನಿಮಿಷ ಕಾದು ನೋಡ್ರಿ."

ಅಳು ಬಂತು ಎಂದರೆ ಸುಳ್ಳಲ್ಲ. ನೋವು ತಪ್ಪಿಸಿಕೊಳ್ಳಲು ಹೋಗಿ ನಾಲ್ಕು ಸಲದ ಜೊತೆ ಇಪ್ಪತ್ತು ನಿಮಿಷದ ಬಿಸಿಲನ್ನೂ ಕೇಳಿ ಪಡೆದಿದ್ದೆ.

ಮರುದಿನ ಬಸ್ಸಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಹಳಿ ಬಂತು. ಇಳಿದು ನಿಂತೆ. ಎರಡು ನಿಮಿಷಕ್ಕೆ ಒಳಗಿನಿಂದ ಗದ್ದಲ ಶುರುವಾಯಿತು. ದೇವದುರ್ಗಕ್ಕೆ ಹೊರಟಿದ್ದ ಒಬ್ಬ ಅಜ್ಜಿ ಬಾಗಿಲಿಗೆ ಬಂದು, "ಯಾಕಪ್ಪಾ ನಿಂದ್ರಿಸಿದಿ?" ಎಂದರು.

ವಿವರಿಸುವ ತಾಕತ್ತು ಇರಲಿಲ್ಲ. "ರೈಲು ಬರೋದದ ಯವ್ವಾ. ಲೇಟ್ ಆಗ್ಯದಂತ" ಎಂದೆ.

ಅಜ್ಜಿ ಗಂಟನ್ನು ಕಂಕುಳಿಗೆ ಸೇರಿಸಿಕೊಂಡು ಮೆಲ್ಲಗೆ ಕೆಳಗಿಳಿದರು. ಅವರ ಹಿಂದೆ ಇನ್ನೂ ನಾಲ್ವರು ಹೆಣ್ಣುಮಕ್ಕಳು ಚೀಲ ಹಿಡಿದು ಇಳಿದು, ಹತ್ತಿ ಹೊಲದ ಕಡೆ ಮುಖ ಮಾಡಿ ಸಾಲಾಗಿ ನಿಂತರು.

"ಯವ್ವಾ, ನೀವ್ಯಾಕ ಇಳದ್ರಿ?"

"ರಾಯಚೂರಿಂದ ಒಂಟಿಗಾಲ ಮ್ಯಾಲೆ ನಿಂತು ಬಂದೀನಿ. ಲೇಟ್ ಆದ್ರ ಆಗ್ಲಿ, ರೈಲಿಗೇ ಹೋಗ್ತೀವಿ" ಎಂದ ಅಜ್ಜಿ, ಸೆರಗಿನ ಗಂಟು ಬಿಚ್ಚಿ ನಾನು ಕೊಟ್ಟಿದ್ದ ಉಚಿತ ಟಿಕೆಟ್ ತೆಗೆದು ಮುಂದೆ ಹಿಡಿದರು. "ಕಂಡಕ್ಟರಪ್ಪಾ, ಈ ಫ್ರೀ ಟಿಕೀಟ ರೈಲಿಗೂ ನಡೀತದೋ, ಇಲ್ಲಾ ನೀ ಬ್ಯಾರೆ ಹರದು ಕೊಡ್ತಿಯೋ?"