ಚಿಗವ್ವನ ಮೂರನೇ ಟಿಕೀಟು

ನಮ್ಮ ಚಿಗವ್ವನ ಜೋಡಿ ಸಿನಿಮಾಕ್ಕೆ ಹೋಗುವ ಧೈರ್ಯ ನಿಮಗಿದೆಯೇನ್ರಿ? ಇದ್ದರೆ ಮೂರು ಟಿಕೀಟು ತೆಗೆಸಿರಿ. ಹೋಗುವವರು ಇಬ್ಬರೇ ಆದರೂ ಮೂರು. ಶಾಲೆ ಅರ್ಧಕ್ಕೇ ಬಿಟ್ಟು, ಬೆಟಗೇರಿಯಲ್ಲಿ ಸೀರೆ ನೇಯ್ದು ಸ್ವಂತ ಮನೆ ಎಬ್ಬಿಸಿದವನು ನಾನು. ಟಿಕೀಟು ನನಗೇನೂ ಭಾರವಲ್ಲ. ಭಾರವಾಗುವುದು ಆ ಮೂರನೇ ಕುರ್ಚಿ.

ಅದರಲ್ಲಿ ಕೂಡುವವಳು ನನ್ನ ಹಡೆದವ್ವ. ನಾನು ತೊಟ್ಟಿಲಲ್ಲಿದ್ದಾಗಲೇ ತೀರಿಕೊಂಡವಳು. ಅಪ್ಪ ಚಿಗವ್ವನನ್ನು ಮದುವೆಯಾದಾಗ, ಸತ್ತವಳು ಸಿಟ್ಟಾಗಬಾರದೆಂದು ಹಿರಿಯರು ಆಕೆಯ ಹೆಸರಿನಲ್ಲಿ ಒಂದು ಸಣ್ಣ ಬೆಳ್ಳಿ ಮುಖ ಮಾಡಿಸಿ ಚಿಗವ್ವನ ಕೊರಳಿಗೆ ಕಟ್ಟಿದರು. ನಾನು ಹೊಸ ಸೀರೆ ಕೊಟ್ಟರೆ ಮೊದಲು ಆ ಮುಖಕ್ಕೆ ಮುಟ್ಟಿಸಿ, "ಅಕ್ಕಾ, ನಾ ಉಡ್ಲೇನು?" ಎಂದು ಕೇಳಿ ಸುಮ್ಮನೆ ಕಾಯುತ್ತಾಳೆ. ಒಮ್ಮೊಮ್ಮೆ "ಇವತ್ತ ಬ್ಯಾಡ ಅಂದ್ಲು" ಎಂದು ಸೀರೆ ಮಡಚಿಡುತ್ತಾಳೆ.

ಸಣ್ಣವನಿದ್ದಾಗ ಒಮ್ಮೆ ಆಕೆಯನ್ನು ಅವ್ವ ಎಂದಿದ್ದೆ. ನನ್ನ ಬಾಯಿಗೆ ಕೈ ಅಡ್ಡ ಹಿಡಿದಳು. "ಅದು ಅಕ್ಕನ ಜಗಾ. ಆಕಿ ಬಿಟ್ಟುಕೊಡೂತನಕ ನನಗ ಬ್ಯಾಡಪಾ." ಅವ್ವ ಎಂಬ ಆ ಮಾತು ಗಂಟಲಲ್ಲಿಟ್ಟುಕೊಂಡೇ ನನ್ನ ಮೀಸೆ ನರೆಯಿತು.

ಟಾಕೀಜಿನ ಕುರ್ಚಿ ಗೊತ್ತಲ್ಲ, ಯಾರೂ ಕೂತಿರದಿದ್ದರೆ ತಾನೇ ಮಡಚಿಕೊಳ್ಳುತ್ತದೆ. ಚಿಗವ್ವ ಕೈಯಿಂದ ಇಳಿಸಿದ ಕುರ್ಚಿ ಮಾತ್ರ ಸಿನಿಮಾ ಮುಗಿಯುವ ತನಕ ಮೇಲೇಳುವುದಿಲ್ಲ. ಸ್ಪ್ರಿಂಗು ಕೆಟ್ಟಿರಬೇಕು ಎನ್ನುತ್ತೇನೆ. ಪ್ರತಿ ಸಲ ಬೇರೆ ಕುರ್ಚಿ; ನಾವು ಹೋದ ಕಡೆಯೇ ಸ್ಪ್ರಿಂಗು ಕೆಡುತ್ತದೆಯೇ?

ಒಮ್ಮೆ ಚಿಗವ್ವ ಆ ಕುರ್ಚಿಗೆ ಕತೆ ಹೇಳುತ್ತ ಕೂತಿದ್ದಾಗ ಮುಂದಿನ ಸಾಲಿನ ಸಾಹುಕಾರರೊಬ್ಬರು ತಿರುಗಿ ಕೇಳಿದರು, "ಯವ್ವಾ, ಯಾರ ಜೋಡಿ ಮಾತಾಡಾಕತ್ತೀರಿ?"

"ಇವನ ಹಡೆದಾಕಿ ಜೋಡಿರಿ. ಸತ್ತು ಭಾಳ ವರ್ಷ ಆತು, ಸ್ವಲ್ಪ ಜೋರಾಗೇ ಹೇಳಬೇಕು."

ಸಾಹುಕಾರರು ಇಳಿದ ಕುರ್ಚಿ ನೋಡಿದರು. ಚುರುಮುರಿ ಅಲ್ಲೇ ಬಿಟ್ಟು ಹಿಂದಿನ ಸಾಲಿಗೆ ಹೋದರು.

ಹಳೆಯ ಸಿನಿಮಾದ ಮಲತಾಯಿ ಹಾಲಿಗೆ ವಿಷ ಹಾಕಿದರೆ ಚಿಗವ್ವ ನಗುತ್ತಿದ್ದಳು. ಸಿಟ್ಟು ಬರುವುದು ಈಗಿನ ಸಿನಿಮಾದವಳ ಮೇಲೆ. ಮೊನ್ನೆ ಗದಗಿನಲ್ಲಿ ನೋಡಿದ ಸಿನಿಮಾದಲ್ಲಿ ಹೊಸ ತಾಯಿ ಬಂದಳು, ಮಗುವಿಗೆ ಐಸ್‌ಕ್ರೀಮು ಕೊಡಿಸಿದಳು, ಹಾಡು ಮುಗಿಯುವಷ್ಟರಲ್ಲಿ ಮಗು "ಅಮ್ಮಾ" ಎಂದಿತು. ಗೋಡೆಯ ಮೇಲೆ ಹಾರ ಹಾಕಿಸಿಕೊಂಡ ಫೋಟೊ ನಗುತ್ತಿತ್ತು.

"ಒಂದ ಹಾಡಿನ್ಯಾಗ ಅವ್ವ ಆದಳಲ್ಲೋ," ಎಂದಳು ಚಿಗವ್ವ. "ಫೋಟೋದಾಗಿದ್ದಾಕೀನ್ನ ಒಬ್ಬರರೆ ಕೇಳಿದ್ರೇನು?"

ಪರದೆಯ ಬೆಳಕಿನಲ್ಲಿ ಆಕೆ ಬಹಳ ಮುದುಕಿಯಾಗಿ ಕಂಡಳು. ನಾನು ಆಕೆಯನ್ನು ದಾಟಿ ಆಚೆಯ ಖಾಲಿ ಕುರ್ಚಿಯನ್ನೇ ಅಪ್ಪಣೆ ಕೇಳುವವನಂತೆ ನೋಡುತ್ತ, ಚಿಗವ್ವನನ್ನು ಮೆಲ್ಲಗೆ ಕರೆದೆ.

"ಅವ್ವಾ."

ಚಿಗವ್ವ ಬೆಳ್ಳಿ ಮುಖವನ್ನು ಮುಷ್ಟಿಯಲ್ಲಿ ಹಿಡಿದಳು.

ಆಚೆಯ ಕುರ್ಚಿ ನಿಧಾನವಾಗಿ ಮೇಲೆದ್ದು, ಟಪ್ಪೆಂದು ಮಡಚಿಕೊಂಡಿತು.

ಚಿಗವ್ವ ಮುಷ್ಟಿ ಬಿಚ್ಚಿದಳು. ಆಮೇಲೆ ನನ್ನ ಕೈ ಹಿಡಿದು, "ಇನ್ನೊಮ್ಮೆ ಕರಿ," ಎಂದಳು.